ನಿನ್ನ ಓಟನ್ನು ರದ್ದು ಮಾಡಿದವಳು ನಾನೇ

ಸ್ಟೇನ್‌ದಾಲ್, ವಿಸ್ಕಾನ್ಸಿನ್
ಶನಿವಾರ, ನವೆಂಬರ್ 7, 1942

ಮುದ್ದು ಐನಾರ್,

ಹೇಗಿದ್ದೀಯಪ್ಪ? ಮೈಕೈ ಸೌಖ್ಯವೇ? ಹಡಗಿನ ಓಲಾಟ ಹೊಟ್ಟೆಗೆ ಒಗ್ಗಿತು ಎಂದು ನೀನು ಹೋದ ಸಲ ಬರೆದಿದ್ದೆ. ನಂಬಿದೆ, ಆದರೆ ಪೂರ್ತಿ ನಂಬಲಿಲ್ಲ. ನಾನೂ ಹದಿನೇಳನೇ ವಯಸ್ಸಿನಲ್ಲಿ ನಾರ್ವೆಯಿಂದ ಹಡಗು ಹತ್ತಿದವಳು. ಹನ್ನೊಂದು ದಿನ ವಾಂತಿ ಮಾಡಿಕೊಂಡೇ ಈ ದೇಶ ಸೇರಿದೆ. ಉಣ್ಣೆಯ ಕಾಲುಚೀಲ ಎರಡು ಜೊತೆ ಕಳಿಸಿದ್ದೇನೆ, ಹಾಕಿಕೋ, ಯಾರಿಗೂ ದಾನ ಮಾಡಬೇಡ. ನಿನ್ನ ಅಮ್ಮನ ಮಂಡಿನೋವು ಇದ್ದಹಾಗೇ ಇದೆ. ಕಂದು ಹಸು ಹೆಣ್ಣುಗರು ಹಾಕಿದೆ. ಅಂಗಡಿಯಲ್ಲಿ ಕಾಫಿಪುಡಿ ಕಣ್ಣಿಗೂ ಬೀಳುತ್ತಿಲ್ಲ. ಬಾರ್ಲಿ ಹುರಿದು ಕುದಿಸಿ ಕುಡಿಯುತ್ತೇವೆ. ಅದನ್ನು ಕಾಫಿ ಎನ್ನುವಷ್ಟು ಸುಳ್ಳು ಹೇಳಲು ನನಗೆ ಬರುವುದಿಲ್ಲ.

ನಿನ್ನ ಅಪ್ಪ ಚೆನ್ನಾಗಿದ್ದಾನೆ. ಚೆನ್ನಾಗಿದ್ದಾನೆ ಎಂದರೆ ಕೊಟ್ಟಿಗೆ ಕೆಲಸ ಮಾಡುತ್ತಾನೆ, ಉಣ್ಣುತ್ತಾನೆ, ಮಲಗುತ್ತಾನೆ. ನಿನ್ನ ಹೆಸರನ್ನು ಮಾತ್ರ ಇನ್ನೂ ಬಾಯಿಗೆ ತಂದಿಲ್ಲ. ನನ್ನ ಹೆಸರಿಗೆ ನೀನು ಬರೆಯುವ ಕಾಗದಗಳನ್ನು ನಾನು ಊಟದ ಮೇಜಿನ ಹತ್ತಿರ ಗಟ್ಟಿಯಾಗಿ ಓದುತ್ತೇನೆ. ಅವನು ಎದ್ದು ಕುದುರೆ ನೋಡಿಕೊಂಡು ಬರುತ್ತೇನೆ ಎಂದು ಹೊರಗೆ ಹೋಗುತ್ತಾನೆ. ಹೋದವನು ಕಿಟಕಿಯ ಕೆಳಗೇ ನಿಂತಿರುತ್ತಾನೆ. ಅವನ ಟೋಪಿ ನನಗೆ ಕಾಣುತ್ತಿರುತ್ತದೆ, ಅದಕ್ಕೇ ಇನ್ನಷ್ಟು ಗಟ್ಟಿಯಾಗಿ ಓದುತ್ತೇನೆ.

ಮೇ ತಿಂಗಳ ಆ ರಾತ್ರಿಯೂಟ ನಾನು ಮರೆತಿಲ್ಲ. ಯುದ್ಧ ನಮ್ಮ ಬಾಗಿಲಿಗೆ ಬರುವ ಮುಂಚೆ ನಿನ್ನ ಅಪ್ಪ ಊರೂರಲ್ಲಿ ನಿಂತು, ಇದು ನಮ್ಮ ಜಗಳವಲ್ಲ ಎಂದು ಭಾಷಣ ಮಾಡಿದವನು, ಈ ಚುನಾವಣೆಗೆ ನಿಲ್ಲಲು ಹೊರಟವನು. ನೀನೋ, ಯಾರಿಗೂ ಹೇಳದೆ ನೌಕಾಪಡೆಗೆ ಸಹಿ ಹಾಕಿ ಬಂದು, ಆಲೂಗಡ್ಡೆ ಬಡಿಸಿಕೊಳ್ಳುತ್ತಾ ಸುದ್ದಿ ಹೇಳಿದೆ. "ಇರೋನು ಒಬ್ಬ ಮಗ. ಒಂದು ಮಾತು ಕೇಳ್ಬೇಕು ಅನ್ನಿಸ್ಲಿಲ್ವೇನೋ?" ಎಂದು ಅವನು ಕೂಗಿದ. ನೀನು, "ಇಪ್ಪತ್ತೊಂದು ತುಂಬಿದೆ ನಂಗೆ. ನವೆಂಬರ್‌ನಲ್ಲಿ ನನ್ನ ಮೊದಲನೇ ಓಟು ಯಾರಿಗಾದ್ರೂ ಹಾಕ್ತೀನಿ, ನಿಮಗಂತೂ ಹಾಕಲ್ಲ" ಎಂದೆ. ಆಡಿದ ಮಾತು, ಒಡೆದ ಮುತ್ತು. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಜಾತಿ ನಿಮ್ಮಿಬ್ಬರದೂ. ಬೆಳಿಗ್ಗೆ ನೀನು ಬಸ್ಸು ಹತ್ತಿದಾಗ ಅವನು ಹೊಲದಲ್ಲಿದ್ದ, ತಲೆಯೆತ್ತಲಿಲ್ಲ.

ಈಗ ಚುನಾವಣೆಯ ಸುದ್ದಿಗೆ ಬರುತ್ತೇನೆ, ಕೂತುಕೊಂಡು ಓದು. ಮಂಗಳವಾರ ಮತದಾನವಾಯಿತು. ಟೈರು ಸಿಗುವುದಿಲ್ಲವೆಂದು ಅರ್ಧ ಊರು ಹುಲ್ಲಿನ ಗಾಡಿಯಲ್ಲಿ ಬಂತು. ಚೀಟಿಯ ಮೇಲೆ ನಾಲ್ಕು ಪಕ್ಷಗಳ ನಾಲ್ಕು ಸಾಲು: ನಿನ್ನ ಅಪ್ಪನ ಪ್ರಗತಿಪರರು, ರಿಪಬ್ಲಿಕನ್ನರು, ಡೆಮಾಕ್ರಾಟರು, ಸೋಷಲಿಸ್ಟರು. ರಾಜ್ಯದ ಶಾಸನಸಭೆಗೆ ಅಪ್ಪನೂ ರಿಪಬ್ಲಿಕನ್ ಅಭ್ಯರ್ಥಿಯೂ ಸಮಬಲದವರು ಎಂದು ಎಲ್ಲರಿಗೂ ಗೊತ್ತಿತ್ತು. ಗೆದ್ದರೆ ಗುಡ್ಡದಾಚೆಯ ಮನೆಗಳಿಗೆ ವಿದ್ಯುತ್ ತಂತಿ ಎಳೆಸುತ್ತೇನೆ ಎಂದು ಅವನು ಆರು ತಿಂಗಳು ನಡೆದೇ ಸುತ್ತಿದ್ದ. ಎಣಿಕೆಯ ಮೇಜಿಗೆ ಎಂದಿನಂತೆ ನಾನೇ ಕೂತೆ. ಅಭ್ಯರ್ಥಿಯ ತಾಯಿ ಕೂರುವುದು ಸರಿಯೇ ಎಂದು ಯಾರೋ ಗೊಣಗಿದರು. "ಹನ್ನೆರಡು ವರ್ಷದಿಂದ ಕೂತಿದೀನಿ. ಗಂಡಸರೆಲ್ಲಾ ಯುದ್ಧಕ್ಕೆ ಹೋಗಿದ್ದಾರೆ. ನಿಮಗೆ ಆಗುತ್ತಾ? ಬನ್ನಿ ಕೂತ್ಕೊಳ್ಳಿ" ಎಂದೆ. ಯಾರೂ ಬರಲಿಲ್ಲ. ಎದುರಿಗೆ ರಿಪಬ್ಲಿಕನ್ನರ ಪರವಾಗಿ ಚೀಸ್ ತಯಾರಿಸುವ ಎಮಿಲ್ ಕೂತ.

ಮಧ್ಯಾಹ್ನ ಎಮಿಲ್ ಅಂಚೆಯಲ್ಲಿ ಬಂದ ಮತಗಳ ಲಕೋಟೆಗಳನ್ನು ಒಂದೊಂದಾಗಿ ಹೆಸರು ಕೂಗಿ ಒಡೆದ. "ಐನಾರ್ ಮೋಯೆನ್" ಎಂದಾಗ ಒಲೆಯ ಹತ್ತಿರ ನಿಂತಿದ್ದ ನಿನ್ನ ಅಪ್ಪ ಕೈ ಕಾಯಿಸುವುದನ್ನು ನಿಲ್ಲಿಸಿದ. ಮಡಿಸಿದ ಚೀಟಿ ಮಡಿಸಿದಹಾಗೇ ಪೆಟ್ಟಿಗೆಗೆ ಬಿತ್ತು, ಉಳಿದವುಗಳ ಜೊತೆ ಬೆರೆತುಹೋಯಿತು. ಅವನು ನನ್ನ ಪಕ್ಕ ಹಾದುಹೋಗುತ್ತಾ, "ನಂಗೆ ಎದುರಾಗೇ ಹಾಕಿರ್ತಾನೆ ಬಿಡು" ಎಂದ.

ಸಂಜೆ ಎಣಿಕೆ. ನಾನು ಬಿಚ್ಚಿ ಓದುವುದು, ಎಮಿಲ್ ಗೀಟು ಹಾಕುವುದು. ಸೋಷಲಿಸ್ಟರಿಗೆ ನಮ್ಮೂರಲ್ಲಿ ಯಾವಾಗಲೂ ಒಂದೇ ಓಟು, ಅದು ಬೂಟು ಹೊಲಿಯುವ ಮುದುಕ ಫ್ರಿಟ್ಸನದು ಎಂದು ನಾಯಿಗೂ ಗೊತ್ತು. ಈ ಸಲ ಎರಡು ಬಂತು! ಎಮಿಲ್ ನನ್ನ ಮುಖ ನೋಡಿದ, ನಾನು ಅವನ ಮುಖ ನೋಡಿದೆ, ಇಬ್ಬರೂ ನಕ್ಕೆವು. ಆ ನಗು ನಿಲ್ಲುವ ಮೊದಲೇ ಮುಂದಿನ ಚೀಟಿ ಬಿಚ್ಚಿದೆ. ಗವರ್ನರನಿಗೆ ರಿಪಬ್ಲಿಕನ್ನರ ಸಾಲಿನಲ್ಲಿ ಗುರುತು (ನನಗೇನೂ ಹಿಡಿಸಲಿಲ್ಲ, ನಿನ್ನಿಷ್ಟ). ಶಾಸನಸಭೆಗೆ ಹಾಲ್ವರ್ ಮೋಯೆನ್ ಎಂಬ ನಿನ್ನ ಅಪ್ಪನ ಹೆಸರಿನ ಮುಂದೆ, ಕಾಗದ ಹರಿಯುವಷ್ಟು ಒತ್ತಿ ಹಾಕಿದ ಗುರುತು. ಮತ್ತು ಕೆಳಗಿನ ಮೂಲೆಯಲ್ಲಿ ಪೆನ್ಸಿಲ್ಲಿನಲ್ಲಿ, ನಮ್ಮ ನಾರ್ವೆಯ ಭಾಷೆಯಲ್ಲಿ, ಪುಟ್ಟ ಅಕ್ಷರಗಳಲ್ಲಿ: ಅಜ್ಜಿಗೆ ನಮಸ್ಕಾರ.

ಅಯ್ಯೋ ನನ್ನ ಹುಚ್ಚುಮುಂಡೇದೇ! ಯಾವ ಹಾಳೆಯನ್ನೂ ಮನೆಯ ಹಿರಿಯರಿಗೆ ನಮಸ್ಕಾರ ಬರೆಯದೆ ಲಕೋಟೆಗೆ ಹಾಕಬಾರದು ಎಂದು ನಿನ್ನ ಬೆರಳಿಗೆ ಚಮಚದಲ್ಲಿ ಹೊಡೆದು ಕಲಿಸಿದವಳು ನಾನೇ. ನಮ್ಮ ಮನೆಯಲ್ಲಿ ಬೀಜದ ಅಂಗಡಿಗೆ ಬರೆದ ಪಟ್ಟಿಯಲ್ಲೂ ಆ ಸಾಲು ಇರುತ್ತದೆ. ಆದರೆ ಓಟಿನ ಚೀಟಿಯಲ್ಲಿ ಒಂದಕ್ಷರ ಬರೆದರೂ ಅದು ಯಾರದೆಂದು ಗೊತ್ತಾಗುವ ಗುರುತಾಗುತ್ತದೆ, ಅಂಥ ಚೀಟಿ ಕಾನೂನಿನ ಪ್ರಕಾರ ರದ್ದು. ನನ್ನ ಕೈ ನಿಂತಿದ್ದನ್ನು ನೋಡಿ ಎಮಿಲ್ ಬಗ್ಗಿ ನೋಡಿದ. ಅವನಿಗೆ ನಮ್ಮ ಭಾಷೆ ಬರುವುದಿಲ್ಲ, ನನ್ನ ಮುಖ ಓದಲು ಬರುತ್ತದೆ. "ಪೆನ್ಸಿಲ್ ತಾನೇ ಅಮ್ಮಾ? ರಬ್ಬರ್ ಅಲ್ಲೇ ಇದೆ, ಉಜ್ಜಿಬಿಡಿ. ನಾನು ಒಲೆಗೆ ಸೌದೆ ಹಾಕ್ಬರ್ತೀನಿ" ಎಂದು ಎದ್ದ. ಎದುರು ಪಕ್ಷದವನು, ನೋಡು! ಅವನ ಮನಸ್ಸು ದೊಡ್ಡದು. "ಕೂತ್ಕೊಳ್ಳಪ್ಪ ಎಮಿಲ್, ಕಣ್ಣು ಬಿಟ್ಕೊಂಡು ಕೂತ್ಕೋ" ಎಂದೆ. ಚೀಟಿಯನ್ನು ರದ್ದಾದವುಗಳ ಲಕೋಟೆಗೆ ನನ್ನ ಕೈಯಾರೆ ಹಾಕಿ ಅಂಟಿಸಿದೆ. ಮನೆಗೆ ಬಂದಮೇಲೆ ಅತ್ತೆ.

ಗುರುವಾರ ಇಡೀ ಜಿಲ್ಲೆಯ ಲೆಕ್ಕ ಸೇರಿತು. ನಿನ್ನ ಅಪ್ಪ ಸೋತ. ಒಂದೇ ಒಂದು ಓಟಿನಿಂದ. ನಿನ್ನದು ಸೇರಿದ್ದರೆ ಇಬ್ಬರೂ ಸಮ, ಆಮೇಲೆ ಹೆಸರು ಬರೆದ ಚೀಟಿ ಎತ್ತಿ ತೀರ್ಮಾನ ಮಾಡುತ್ತಿದ್ದರು. ನಮ್ಮ ಊರಿನಲ್ಲಿ ಒಂದು ಮತ ರದ್ದಾಗಿದೆ ಎಂದು ಕೇಳಿದಾಗಿನಿಂದ ಅವನು ಹಾಲು ಕರೆಯುವಾಗಲೂ ಬೈಯುತ್ತಿದ್ದಾನೆ: "ಯಾವ ಬೆಪ್ಪುತಕ್ಕಡಿ ಗೀಚಿದ್ದಾನೋ! ಅವನ ಕೈಗೆ ಪೆನ್ಸಿಲ್ ಕೊಟ್ಟೋರು ಯಾರು?" ನಿನ್ನ ಅಮ್ಮನೂ ಸೇರಿಕೊಂಡು ಬೈಯುತ್ತಾಳೆ. ನಾನು ಬಾಯಿ ಮುಚ್ಚಿಕೊಂಡು ಹಿಟ್ಟು ಲಟ್ಟಿಸುತ್ತೇನೆ.

ಹೇಳಿಬಿಡಬಹುದಿತ್ತು. ನಿನ್ನ ಮಗ ನಿನಗೇ ಹಾಕಿದ ಕಣೋ ಎಂದು ಅವನ ಭುಜ ಹಿಡಿದು ಅಲುಗಾಡಿಸಬೇಕು ಅನ್ನಿಸುತ್ತದೆ, ದಿನಕ್ಕೆ ಹತ್ತು ಸಲ. ಆದರೆ ಪೆಟ್ಟಿಗೆಯಿಂದ ಬಂದ ಗುಟ್ಟನ್ನು ಯಾರಿಗೂ ಹೇಳುವುದಿಲ್ಲ ಎಂದು ಬೈಬಲ್ಲಿನ ಮೇಲೆ ಕೈಯಿಟ್ಟು ಪ್ರಮಾಣ ಮಾಡಿದ್ದೇನೆ. ನಿನ್ನ ಗುಟ್ಟನ್ನು ನಿನಗೇ ಬರೆದರೆ ಪ್ರಮಾಣ ಮುರಿಯುವುದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ನೀನು ಸಮುದ್ರದ ಮೇಲೆ ಯಾವುದಕ್ಕಾಗಿ ಜೀವ ಒಡ್ಡಿದ್ದೀಯೋ, ಅದು ಇಂಥ ಚೀಟಿಗಳನ್ನು ನೆಟ್ಟಗೆ ಎಣಿಸುವುದರಲ್ಲೂ ಇದೆ ಎಂದು ನಾನು ತಿಳಿದಿದ್ದೇನೆ. ಮಗ ನಿಂತನೆಂದು ಒಂದು ಲೆಕ್ಕ, ಮೊಮ್ಮಗ ಬರೆದನೆಂದು ಇನ್ನೊಂದು ಲೆಕ್ಕ ಆದರೆ ಆ ಮೇಜಿಗೆ ನಾನೇಕೆ? ನಾಳೆ ಕೋರ್ಟಿನಲ್ಲಿ ಕೇಳಿದರೂ ಇದನ್ನೇ ಹೇಳುತ್ತೇನೆ. ನಿನಗೆ ಬೇಸರವಾದರೆ ಬೇಸರಪಡು, ನನ್ನ ಮೇಲೆ ಕೋಪವಿದ್ದರೆ ಬರೆ. ಕ್ಷಮೆ ಕೇಳುವುದಿಲ್ಲ.

ಹೊತ್ತುಹೊತ್ತಿಗೆ ಉಣ್ಣು. ನಿನ್ನ ಹಡಗು ಎಲ್ಲಿದ್ದರೂ ದೇವರ ಕಣ್ಣು ಅದರ ಮೇಲಿರಲಿ, ನಿನ್ನ ಜೊತೆಯ ಹುಡುಗರ ಮೇಲೂ ಇರಲಿ. ನಿನ್ನ ಅಮ್ಮ ಕೆನ್ನೆಗೆ ಮುತ್ತು ಕೊಟ್ಟಿದ್ದಾಳೆ ಎಂದು ತಿಳಿ.

ನಿನ್ನ ಹಠಮಾರಿ ಅಜ್ಜಿ,
ರಾಗ್ನಾ

ಮರೆತಿದ್ದು — ಸೋಮವಾರ ಬೆಳಿಗ್ಗೆ. ಅಂಚೆಯವನು ಬಾಗಿಲಲ್ಲಿ ನಿಂತಿದ್ದಾನೆ, ಬೇಗ ಬರೆಯುತ್ತೇನೆ. ನಿನ್ನೆ ಚರ್ಚಿನಿಂದ ಬಂದು ನಿನ್ನ ಅಪ್ಪನಿಗೆ ಮರುಎಣಿಕೆ ಕೇಳು ಎಂದೆ. "ಒಂದು ಓಟಿಗೆ ಜಿಲ್ಲೆನೆಲ್ಲಾ ಮತ್ತೆ ಎಣಿಸ್ಬೇಕಾ? ನಾಚ್ಕೆ ಆಗುತ್ತಮ್ಮ" ಎಂದ. ನಾನು, "ಸೀಟಿನ ಆಸೆ ಬಿಡು, ಆ ರದ್ದಾದ ಓಟು ರದ್ದೇ ಅಂತ ಅಲ್ಲೂ ಹೇಳೋಳು ನಾನು. ಆದ್ರೆ ಮರುಎಣಿಕೇಲಿ ಅಭ್ಯರ್ಥಿ ಮೇಜಿನ ಹತ್ರ ಕೂತು ಒಂದೊಂದು ಚೀಟಿನೂ ಕಣ್ಣಾರೆ ನೋಡ್ಬಹುದು, ಕಾನೂನಿದೆ. ನಮ್ಮೂರಿನ ಆ ರದ್ದಾದ ಓಟಿನ ಲಕೋಟೆ ತೆಗೆಯೋವಾಗ ನೀನು ಅಲ್ಲಿರು" ಎಂದೆ. ಪ್ರಮಾಣದ ಗೆರೆಯವರೆಗೂ ಹೋಗಿದ್ದೇನೆ, ದಾಟಿಲ್ಲ. ಇವತ್ತು ಬೆಳಿಗ್ಗೆ ಅವನು ಹಾಲು ಕರೆಯುವುದನ್ನು ನಿನ್ನ ಅಮ್ಮನಿಗೆ ಬಿಟ್ಟು, ಭಾನುವಾರದ ಕೋಟು ಹಾಕಿಕೊಂಡು, ಅರ್ಜಿ ಕೊಡಲು ಹೋಗಿದ್ದಾನೆ. ಇವತ್ತು ಅರ್ಜಿ ಬಿದ್ದರೆ ಎಣಿಕೆ ಗುರುವಾರವಂತೆ. ನಿನ್ನ ಅಕ್ಷರ ಅವನಿಗೆ ಗೊತ್ತು. ಗುರುವಾರದ ಸಂಜೆಯಿಂದ ಅವನು ನಿನ್ನ ಕಾಗದಕ್ಕೆ ಕಾಯುತ್ತಾನೆ, ಬಾಯಿಬಿಟ್ಟು ಹೇಳುವುದಿಲ್ಲ. ಇನ್ನು ನನಗೆ ಬರೆಯಬೇಡ, ಐನಾರ್. ಅವನಿಗೆ ಬರೆ.