ಠಾಣೆಗೆ ಒಪ್ಪಿಸಿದ ಹಾಕಿ ಕೋಲು

ಬೀದರ, ೧೯೫೫

ನೌಬಾದದ ಗಂಡುಗಲಿ ಖಾಸಿಂ ಅಲಿಗೆ, ನಾಟಕದ ದುರ್ಯೋಧನ ಭಾಲ್ಕಿ ವೈಜಿನಾಥನ ಸಲಾಮು.

ಮೊಣಕಾಲು ಸೋತದ, ಸಿಕಂದರಾಬಾದಿನ ರೈಲ್ವೆ ತಂಡ ಬಿಟ್ಟೆ, ಹಾಕಿ ಕೋಲು ಯಾರಿಗರೆ ಕೊಟ್ಟುಬಿಡ್ತೇನಿ ಅಂತ ಬರೆದೀಯಲ್ಲ, ಆ ಕೋಲು ಕೊಡುವ ಹಕ್ಕು ನಿನ್ನೊಬ್ಬನದಲ್ಲ. ಯಾಕಂತೀ? ಇಗೋ, ಪರದೆ ಎತ್ತುತ್ತೇನೆ.

ನಲವತ್ತೆಂಟರಲ್ಲಿ ನಿಜಾಮರ ಮೇಲಿನ ಪೊಲೀಸ್ ಕಾರ್ಯಾಚರಣೆ ಮುಗಿದ ಹೊಸತು. ಔರಾದಿಗೆ ಹೋದ ನಿನ್ನ ಚಾಚಾ ಗಲಭೆಗೆ ಸಿಕ್ಕು ತಿರುಗಿ ಬಂದಿರಲಿಲ್ಲ. ಮನೆಯಲ್ಲಿರುವ ಆಯುಧವೆಲ್ಲ ಠಾಣೆಗೆ ಒಪ್ಪಿಸಬೇಕೆಂದು ಡಂಗುರ ಸಾರಿದರು. ನಾನು ನಾಟಕದ ತಗಡಿನ ಗದೆ ಹೊತ್ತು ಹೋದೆ. ನೀನು ಕೋಲು ತಂದಿದ್ದೆ. ಹಿಡಿಗೆ ನಿಮ್ಮ ಅಮ್ಮಿಯ ಸೀರೆಯಂಚು ಸುತ್ತಿದ ಅದೇ ಕೋಲು, ನಿಜಾಮರ ಕಾಲದಲ್ಲಿ ಹೈದರಾಬಾದಿನ ಮೈದಾನವನ್ನೇ ಎಬ್ಬಿಸಿ ಕುಣಿಸಿದ್ದು. ಜಮಾದಾರ ನನ್ನ ಗದೆ ಬಡಿದು ನೋಡಿ, ನಕ್ಕು, ಮರಳಿ ಕೊಟ್ಟ. ನಿನ್ನ ಕೋಲನ್ನು ಕತ್ತಿಗಳ ರಾಶಿಗೆ ಎಸೆದ. ಹೊರಗೆ ಬಂದಮೇಲೆ ನೀ ಅಂದೆ: "ಇನ್ನ ಆಟ ಸಾಕೋ ವೈಜ್ಯಾ. ಕೋಲು ಹಿಡದ ನನ್ನ ಕಂಡರ ರಜಾಕಾರ ಅಂತ ಮಂದಿ ಅಂಜ್ತಾರ."

ಆ ಮಾತು ನನ್ನನ್ನು ಮಲಗಗೊಡಲಿಲ್ಲ. ಮರುದಿನ ನಿನ್ನ ರಟ್ಟೆ ಹಿಡಿದೆ. ನಮ್ಮ ಗೋಲು ಕಾಯುತ್ತಿದ್ದ ಮಿಶನ್ ಸಾಲಿ ಮಾಸ್ತರ ಆಲ್ಬರ್ಟನನ್ನೂ ಎಳಕೊಂಡು ಠಾಣೆಗೆ ನುಗ್ಗಿದೆ. ಅಲ್ಲಿನ ಪಂಜಾಬಿ ಸಾಹೇಬನ ಮುಂದೆ ಕೌರವನ ಕಂಠದಲ್ಲಿ ಭಾಷಣ ಬಿಗಿದೆ. ಆತನಿಗೆ ಒಂದಕ್ಷರ ತಿಳಿಯಲಿಲ್ಲ. ಆಲ್ಬರ್ಟ ಸುಮ್ಮನೆ ಕಿಸೆಯಿಂದ ಚೆಂಡು ತೆಗೆದು ಅಂಗಳದಲ್ಲಿಟ್ಟ. ಸಾಹೇಬ ರಾಶಿಯಿಂದ ಕೋಲು ತರಿಸಿ ನಿನ್ನ ಕೈಗಿತ್ತು, "ಖೇಲ್ ಕೇ ದಿಖಾವ್" ಅಂದ, ಆಡಿ ತೋರಿಸು ಅಂತ.

ನೀನು ಸೀರೆಯಂಚಿನ ಹಿಡಿ ಹಿಡಿದು ಚೆಂಡಿನ ಮುಂದೆ ನಿಂತೆ. ಆಮೇಲೆ? ಆಮೇಲೆ ಚೆಂಡು ಕೋಲಿಗೆ ಅಂಟಿಕೊಂಡೇ ಸಿಪಾಯಿಗಳ ನಡುವೆ ಹರಿಯಿತು, ಜಮಾದಾರನ ಕಾಲ ಸಂದಿಯಲ್ಲಿ ನುಸುಳಿ ಠಾಣೆಯ ಬಾಗಿಲಿಗೆ ಬಡಿಯಿತು. ಮೊದಲು ಚಪ್ಪಾಳೆ ತಟ್ಟಿದವನು ಆ ಜಮಾದಾರನೇ. ಸಾಹೇಬ ಕೋಲನ್ನು ನಿನಗೇ ಬಿಟ್ಟುಕೊಟ್ಟ. ಗೋಡೆಯಾಚೆ ಕತ್ತು ಚಾಚಿದ್ದ ಬಜಾರದ ಮಂದಿ ನಿನ್ನ ಹೆಸರು ಹಿಡಿದು ಕೂಗಿದರು. ಯಾರೂ ಅಂಜಲಿಲ್ಲೋ, ಖಾಸಿಂ.

ರೈಲ್ವೆಯ ಅಂಗಿ, ಬೊಂಬಾಯಿಯಲ್ಲಿ ಗೆದ್ದ ಬೆಳ್ಳಿ ಬಟ್ಟಲು, ಎಲ್ಲ ಆ ಅಂಗಳದಿಂದಲೇ ಹೊರಟದ್ದು. ಈಗ ಮೊಣಕಾಲು ಸೋತರೆ ಸೋಲಲಿ, ಕಣ್ಣು ಸೋತಿಲ್ಲವಲ್ಲ? ನೌಬಾದದ ಹುಡುಗರು ಜಾಲಿ ಕೊಂಬೆ ಹಿಡಿದು ಚೆಂಡು ಬಿಟ್ಟು ತಮ್ಮ ಕಾಲಿಗೇ ಹೊಡಕೊಳ್ಳುತ್ತಿದ್ದಾರೆ. ಆಲ್ಬರ್ಟ ಮೈದಾನ ಹಸನು ಮಾಡಿಸಿ ನಿನ್ನ ದಾರಿ ನೋಡುತ್ತಿದ್ದಾನೆ. ಬಾ, ಕಲಿಸು. ಬೀದರ ಸ್ಟೇಷನ್ನಿನಲ್ಲಿ ಇಳಿದು, ಕೋಲನ್ನು ಹೆಗಲಿಗೇರಿಸಿ, ಬಜಾರದ ನಟ್ಟನಡುವೆಯೇ ನಡೆ. ಗದೆ ಹೊತ್ತು ನಾ ಬಾಜೂಕ ಇರ್ತೇನಿ.

ಅಲ್ಲಾ ನಿನ್ನ ಮೊಣಕಾಲು ಕಾಯಲಿ. ಉಳಿದದ್ದು ನಾನು ಕಾಯುತ್ತೇನೆ.

ನಿನ್ನವನೇ,
ವೈಜಿನಾಥ