ಸೋಸುಗಕ್ಕೆ ಮಣ್ಣು ಕೊಡುವ ಮೊದಲು

ಏಳುಮಡು ಪಟ್ಟಣ
ಎರಡನೇ ಚಂದ್ರ ಒಡೆದ ಮೇಲಿನ ನಾನೂರ ಹನ್ನೊಂದನೇ ವರ್ಷ, ಕಲಕುನೀರಿನ ತಿಂಗಳು, ಮೂವತ್ತೇಳನೇ ತಾರೀಖು

ಹಿಂದೆ ಬದುಕಿದವರೇ,

ನಿಮ್ಮನ್ನು ಪೂಜ್ಯರೆಂದು ಕರೆಯಲು ನನಗೆ ಮನಸ್ಸಿಲ್ಲ. ತಾರೀಖು ನೋಡಿ ಹುಬ್ಬೇರಿಸಬೇಡಿ. ನಿಮ್ಮ ತಿಂಗಳುಗಳು ಚಂದ್ರನ ಜೊತೆಗೇ ಒಡೆದುಹೋದವು. ನನ್ನ ಕೆಲವು ಮಾತುಗಳು ನಿಮಗೆ ವಿಚಿತ್ರವಾಗಿ ಕೇಳಿಸಿದರೆ ಕ್ಷಮಿಸಿ. ನಾನು ನಿಮ್ಮಲ್ಲಿ ಕೇಳುವ ಕ್ಷಮೆ ಇದೊಂದೇ. ಗೋಡೆಗೆ ಅಂಟಿಸಿದ ಕರಪತ್ರಗಳನ್ನು ಓದಿ ಅಕ್ಷರ ಕಲಿತವಳು ನಾನು. ನಯವನ್ನು ಯಾರೂ ಗೋಡೆಗೆ ಅಂಟಿಸಿರಲಿಲ್ಲ. ನಮ್ಮೂರಿನ ಏಳನೇ ಮಡುವಿನ ನೀರು ಹಿಂದಿನ ಕಾಲಕ್ಕೆ ಹರಿಯುತ್ತದೆ. ಇಲ್ಲಿ ಹಾಕಿದ್ದು ನಿಮ್ಮ ಕಾಲದ ದಡದಲ್ಲಿ ತೇಲುತ್ತದೆ. ನಮ್ಮವರು ನಿಮಗೆಂದು ಅದಕ್ಕೆ ಹೂವು ಹಾಕುತ್ತಾರೆ. ನಾನು ಈ ಕಾಗದಕ್ಕೆ ಮೇಣ ಹಚ್ಚಿ ಹಾಕುತ್ತಿದ್ದೇನೆ.

ನಿಮ್ಮ ಕಾಲದಲ್ಲೇ ಸೋಸುಗಗಳು ಮಡುಗಳಿಗೆ ಬಂದವಂತೆ. ಅವುಗಳ ಬಗ್ಗೆ ನೀವು ಹಾಡು ಕಟ್ಟಿದಿರಿ, ತಿಳಿದುಕೊಳ್ಳಲಿಲ್ಲ. ಆದ್ದರಿಂದ ನಾನೇ ಬರೆಯುತ್ತೇನೆ. ಸೋಸುಗ ಎರಡು ಎಮ್ಮೆಗಳಷ್ಟು ದೊಡ್ಡದು. ಅದಕ್ಕೆ ಕಣ್ಣಿಲ್ಲ, ಬೆನ್ನ ತುಂಬ ಪಾಚಿ. ಬಾಯೊಳಗೆ ಹಲ್ಲಿನ ಬದಲು ಪೊರಕೆಯಂಥ ಕೂದಲು. ಕೆಸರು ನೀರನ್ನು ಬಾಯಿಂದ ಎಳೆದುಕೊಂಡು ಪಕ್ಕೆಯ ತೂತುಗಳಿಂದ ತಿಳಿನೀರು ಬಿಡುತ್ತದೆ. ಕೆಲಸ ಮಾಡುವಾಗ ಬೀಸುಕಲ್ಲಿನ ಹಾಗೆ ಗುರುಗುಟ್ಟುತ್ತದೆ; ಆ ಸದ್ದು ಕೇಳಿದರೆ ಹೆಂಗಸರು ಕೊಡ ಎತ್ತಿಕೊಂಡು ಹೊರಡುತ್ತಿದ್ದರು. ಅದರ ಲದ್ದಿ ಬರೀ ಜೇಡಿಮಣ್ಣು. ನಮ್ಮ ಮನೆಗಳೆಲ್ಲ ಅದರ ಇಟ್ಟಿಗೆಯಿಂದ ಕಟ್ಟಿದವು. ಅಂದರೆ ಕುಡಿಯುವ ನೀರು, ಮಲಗುವ ಗೋಡೆ ಎರಡೂ ಒಂದೇ ಪ್ರಾಣಿಯ ದುಡಿಮೆ. ಬದುಕಿರುವಾಗ ಅದಕ್ಕೆ ಇಲ್ಲಿ ಸಿಕ್ಕಿದ್ದು ಸಾಬೂನಿನ ನೊರೆ ಮತ್ತು ಕೊಡದ ಹೊಡೆತ ಮಾತ್ರ.

ಜೀವಮಾನದಲ್ಲಿ ಒಂದು ಸಲ ಸೋಸುಗ ಮಡುವಿನ ಮೆಟ್ಟಿಲ ಮೇಲೆ ಬಂದು ಪಕ್ಕಕ್ಕೆ ಮಲಗುತ್ತದೆ. ಸದ್ದು ನಿಲ್ಲುತ್ತದೆ. ಉಸಿರು ಕಾಣುವುದಿಲ್ಲ. ಚರ್ಮ ಸುಣ್ಣದ ಹಾಗೆ ಬಿಳಿಚಿಕೊಂಡು ಚಿಪ್ಪಾಗುತ್ತದೆ. ಮೃದು ಹೃದಯದ ಮಹಾಶಯರಾದ ನೀವು ಮೊದಲ ಸಲ ಅದನ್ನು ಕಂಡಾಗ ಗೋಳಾಡಿ ಅತ್ತಿರಿ, ರೇಷ್ಮೆ ಸುತ್ತಿ ಹೂತಿರಿ. ಬಿಳಿ ಮೈಯನ್ನು ಬರಿಗೈಯಿಂದ ಮುಟ್ಟಿದರೆ ಸತ್ತವರಿಗೆ ಅವಮಾನ ಎಂದು ಕಟ್ಟಳೆಯನ್ನೂ ಮಾಡಿದಿರಿ. ಆ ಶವಸಂಸ್ಕಾರಕ್ಕೆ ನಮ್ಮಲ್ಲಿ 'ಮಣ್ಣಿನ ಮರ್ಯಾದೆ' ಎನ್ನುತ್ತಾರೆ. ಅದನ್ನು ನಡೆಸಲು ಶೋಕಮಂಡಳಿ ಇದೆ. ನೀರು ನೋಡಿಕೊಳ್ಳಲು ನಮ್ಮಲ್ಲಿ ಯಾವ ಮಂಡಳಿಯೂ ಇಲ್ಲ.

ಕಳೆದ ಮಳೆಗಾಲದಲ್ಲಿ, ಸೋಸುಗಗಳನ್ನು ಹೂಳುವ ಗೋರಿದಿಬ್ಬದ ಒಂದು ಮಗ್ಗುಲು ಕುಸಿಯಿತು. ಊರೆಲ್ಲ ನೋಡಿತು. ಒಳಗಿನ ಚಿಪ್ಪು ಒಡೆದಿತ್ತು, ಅದೂ ಒಳಗಿನಿಂದ. ಅದರ ಸುತ್ತ ಬೆಕ್ಕಿನಷ್ಟು ದೊಡ್ಡ ಅಸ್ಥಿಪಂಜರಗಳಿದ್ದವು. ಎಲ್ಲವೂ ಮಡುವಿನ ಕಡೆಗೇ ಮಣ್ಣು ತೋಡಿ, ನೀರು ಮುಟ್ಟುವ ಮೊದಲೇ ಸತ್ತಿದ್ದವು. ಶೋಕಮಂಡಳಿಯ ಹಿರಿಯ ಬಾಚರಸ ಛತ್ರಿಯ ತುದಿಯಿಂದ ಒಂದನ್ನು ಕೆದಕಿ, "ಗೋರಿಹುಳ," ಎಂದ.

"ಹುಳಕ್ಕೆ ಬೆನ್ನೆಲುಬು ಇರುತ್ತಾ?" ಎಂದು ಕೇಳಿದೆ.

"ಏನು ತಂಗಿ, ಹುಳಕ್ಕೂ ಚಳವಳಿ ಮಾಡ್ತೀಯಾ?" ಎಂದ. ಜನ ನಕ್ಕರು. ಹಿಂದಿನಿಂದ ಒಬ್ಬ, "ಇವಳಿಗೆ ಕರಪತ್ರ ತಲೆಗೇರಿದೆ, ಒಂದು ಮದುವೆ ಮಾಡ್ರಪ್ಪ, ಇಳಿಯುತ್ತೆ," ಎಂದ. ಆಮೇಲೆ ಚಿಪ್ಪಿಗೆ ಎರಡನೇ ಸಲ ಮರ್ಯಾದೆ ಮಾಡಿ ಊಟಕ್ಕೆ ಹೋದರು. ಮೂರ್ಖತನವನ್ನು ಸಹಿಸಿಕೊಳ್ಳಬಹುದಿತ್ತು. ಇವರದು ಮೂರ್ಖತನವಲ್ಲ, ಸೋಮಾರಿತನ. ಸತ್ತದ್ದನ್ನು ಪ್ರೀತಿಸುವುದು ಸುಲಭ, ಅದು ಏನನ್ನೂ ಕೇಳುವುದಿಲ್ಲ.

ಏಳನೇ ಮಡು ಕುಡಿಯುವ ನೀರಿನದಲ್ಲ; ಉಳಿದ ಆರು ಮಡುಗಳಲ್ಲೂ ಈಗ ಸೋಸುಗವಿಲ್ಲ. ಅವುಗಳ ಕಲಕುನೀರು ಕುಡಿದು ಕೂಸುಗಳು ಹೊಟ್ಟೆ ಹಿಡಿದುಕೊಂಡು ಅಳುತ್ತವೆ; ದೊಡ್ಡವರು ತಿಳಿನೀರಿನ ಹಾಡು ಹೇಳಿ ಮಲಗಿಸುತ್ತಾರೆ. ನಾಲ್ಕನೇ ಮಡುವಿನಲ್ಲಿದ್ದ ಕೊನೆಯ ಸೋಸುಗ ಮೊನ್ನೆ ಮೆಟ್ಟಿಲೇರಿ ಮಲಗಿತು. ಇಂದು ಸಂಜೆ ಅದಕ್ಕೆ ಮಣ್ಣು.

ಬೆಳಿಗ್ಗೆ ಅಲ್ಲಿಗೆ ಹೋಗಿದ್ದೆ. ನನ್ನ ಸೋದರತ್ತೆ ಕೇತವ್ವ ಅದರ ಮೇಲಿನ ರೇಷ್ಮೆ ಹೊದಿಕೆಯ ಅಂಚು ಹೊಲಿಯುತ್ತ ಕೂತಿದ್ದಳು. ನಾನು ಹೊದಿಕೆಯೊಳಗೆ ಕೈ ಹಾಕಿ ಬರಿಗೈಯನ್ನು ಅದರ ಹೊಟ್ಟೆಗೆ ಒತ್ತಿದೆ. ಚಿಪ್ಪು ಬೆಚ್ಚಗಿತ್ತು. ಒಳಗಿನಿಂದ ಏನೋ ಒದ್ದಿತು. ಅತ್ತೆಯ ಕೈಯನ್ನು ಎಳೆದು ಅಲ್ಲಿಟ್ಟೆ. ಮತ್ತೆ ಒದ್ದಿತು, ಈ ಸಲ ಎರಡು ಕಡೆ.

"ಗಾಳಿ ಕಣೆ ಮಾಚಿ. ಸತ್ತಮೇಲೆ ಹೊಟ್ಟೇಲಿ ಗಾಳಿ ಆಡುತ್ತೆ."

"ಗಾಳಿಗೆ ಮೊಣಕೈ ಇರುತ್ತಾ ಅತ್ತೆ?"

"ಮೆಲ್ಲಗೆ ಮಾತಾಡೆ, ಬಾಚರಸಪ್ಪೋರು ಬರ್ತಿದಾರೆ. ಮುಟ್ಟಿದ್ದು ಗೊತ್ತಾದ್ರೆ ನನ್ನ ಕೆಲಸ ಹೋಯ್ತು. ಸೂಜಿ ಕೊಡಿಲ್ಲಿ."

ಸೂಜಿ ಕೊಟ್ಟೆ. ಅವಳು ಹೊಲಿದಳು. ಒದೆತ ತಿಳಿದ ಮೇಲೂ ಹೊಲಿದಳು. ನಂಬದ ಬಾಚರಸನಿಗಿಂತ ನಂಬಿಯೂ ಹೊಲಿಯುವ ನನ್ನ ಅತ್ತೆಯೇ ಅಪಾಯಕಾರಿ ಎಂದು ಬರೆಯಲು ನನಗೆ ಇಷ್ಟವಿಲ್ಲ. ಆದರೂ ಬರೆಯುತ್ತೇನೆ, ಏಕೆಂದರೆ ನೀವೆಲ್ಲ ಅವಳಂಥವರೇ.

ನಿಮ್ಮಲ್ಲಿ ನನ್ನ ಕೋರಿಕೆ ಚಿಕ್ಕದು. ಮೊದಲ ಸೋಸುಗ ನಿಮ್ಮ ಮೆಟ್ಟಿಲೇರಿ ಬಿಳಿಚಿಕೊಂಡಾಗ ಹಾಡು ಕಟ್ಟಬೇಡಿ, ಗುಂಡಿ ತೋಡಬೇಡಿ. ನಿಮ್ಮ ದುಃಖವನ್ನು ಪಕ್ಕಕ್ಕಿಟ್ಟು ಅದರ ಹೊಟ್ಟೆ ಮುಟ್ಟಿ ನೋಡಿ. ಒದೆತ ತಿಳಿದರೆ ಕೈ ತೆಗೆದು ಮನೆಗೆ ಹೋಗಿ. ಮಿಕ್ಕದ್ದನ್ನು ಅದು ನಿಮ್ಮ ನೆರವಿಲ್ಲದೆ ಮಾಡಿಕೊಳ್ಳುತ್ತದೆ. ಇಷ್ಟು ಕೂಡ ನಿಮ್ಮಿಂದ ಆದೀತೆಂಬ ಭರವಸೆ ನನಗಿಲ್ಲ. ಆದ್ದರಿಂದ ನಾನು ಕಾಗದವನ್ನಷ್ಟೇ ನಂಬಿ ಕೂರುವುದಿಲ್ಲ.

ಡೋಲು ಶುರುವಾಗಿದೆ. ಇದನ್ನು ನೀರಿಗೆ ಹಾಕಿ ನೇರ ಗೋರಿದಿಬ್ಬಕ್ಕೆ ಹೋಗಿ, ತೋಡಿಟ್ಟ ಗುಂಡಿಗೆ ಇಳಿದು ಕೂರುತ್ತೇನೆ. ಚಿಪ್ಪು ತಾನಾಗಿ ಒಡೆಯುವವರೆಗೆ ಅಲ್ಲಿ ಬೇರೆ ಯಾರಿಗೂ ಜಾಗವಿಲ್ಲ.

ಮಾಚಲೆ