ನಮ್ಮ ಅಂಗಳದಲ್ಲಿ ಅವರ ಒಲೆ

ಅಣ್ಣಾ,

ಅಟಕದ ಹೊಳೆದಂಡೆಯಲ್ಲಿ ನೀನು ಸಿಖ್ಖರೊಡನೆ ಹೋರಾಡಿ ಸತ್ತೆ. ಪೇಶಾವರದ ಅಧಿಕಾರ ನನ್ನ ಕೊರಳಿಗೆ ಬಿತ್ತು. ನನ್ನ ಕುದುರೆ ಸವಾರರು ಅಂದು ನಿನ್ನ ನೆರವಿಗೆ ಯಾಕೆ ಬರಲಿಲ್ಲ ಎಂಬ ಮಾತು ಈಗ ಬೇಡ.

ಇವತ್ತು ಕಪ್ಪ ಕೇಳಲು ಲಾಹೋರಿನ ಸಿಖ್ ಸರದಾರ ವರ್ಯಾಮ್ ಸಿಂಗ್ ಬಂದಿದ್ದ. ಶತ್ರುವಾದರೂ ಮನೆಗೆ ಬಂದವನಿಗೆ ಉಣ್ಣಿಸಬೇಕಲ್ಲ, ಕುರಿ ಕೊಯ್ಯಿಸಿದೆ. ಅವನು ಮುಟ್ಟಲಿಲ್ಲ.

"ನೀವು ಹಲಾಲ್ ಮಾಡಿದ್ದು ನಮಗಾಗಲ್ಲ, ಖಾನ್ ಸಾಹೇಬ್ರೇ" ಎಂದವನೇ ನಮ್ಮ ಅಂಗಳದಲ್ಲೇ ತನ್ನವರಿಂದ ಒಲೆ ಹೂಡಿಸಿದ. ಬೇಳೆ ಬೆಂದ ಮೇಲೆ ನನ್ನನ್ನೇ ಕರೆದ: "ಬನ್ನಿ ಬನ್ನಿ, ಸಂಕೋಚ ಪಡ್ಬೇಡಿ. ನಿಮ್ಮನೆ ಅಂತಾನೇ ತಿಳ್ಕೊಳ್ಳಿ!"

ಎಂಥ ಸೊಕ್ಕು ನೋಡು! ಹೊರಗೆ ಅವನ ಫಿರಂಗಿಗಳು ನಮ್ಮ ಬಾಗಿಲಿಗೆ ಮುಖ ಮಾಡಿ ನಿಂತಿದ್ದವು. ಹಲ್ಲು ಕಚ್ಚಿಕೊಂಡು ಕೂತೆ. ಉಂಡೆ.

ಉಂಡ ಮನೆಗೆ ಎರಡು ಬಗೆಯಬಾರದು ಎನ್ನುತ್ತಿದ್ದೆಯಲ್ಲ ನೀನು. ಹೇಳು, ನಾನು ಇವತ್ತು ಉಂಡದ್ದು ಯಾರ ಮನೆಯಲ್ಲಿ?